ದೆವ್ವಕ್ಕೊಂದು ಎಲೆ

ಮೂರು ವರ್ಷದ ಹಿಂದೆ, ಆಗಸ್ಟ್ ತಿಂಗಳ ಒಂದು ಶುಕ್ರವಾರ ಮಧ್ಯಾಹ್ನ, ನೆರೂಳಿನ ಹೋಟೆಲೊಂದರಲ್ಲಿ ಯಾರೂ ಕೂರದ ಜಾಗದ ಬಾಳೆಎಲೆಯ ಊಟ ಖಾಲಿಯಾಯಿತು. ನಾನು ಎದುರಿಗೇ ಕುಳಿತಿದ್ದೆ. ಇಂಥ ಕತೆ ಹೊತ್ತು ಪತ್ರಿಕಾ ಕಚೇರಿಗೆ ಬಂದವರನ್ನು ಚಹಾ ಕುಡಿಸಿ ಸಾಗಹಾಕುತ್ತಿದ್ದವನು ನಾನು. ಹಾಗಾಗಿ ಕಂಡಷ್ಟನ್ನೇ ಬರೆಯುತ್ತೇನೆ.

ಡೊಂಬಿವಲಿಯ ಸದಾನಂದಣ್ಣ ಉಡುಪಿ ಕಡೆಯವರು. ಅಪ್ಪನ ಹೋಟೆಲು ಬಿಟ್ಟು ಮರಾಠಿಯಲ್ಲಿ ದೆವ್ವದ ಸಿನಿಮಾ ಮಾಡಿಕೊಂಡು ಬಂದವರು. ಎಂಐಡಿಸಿ ಕೈಗಾರಿಕಾ ಪ್ರದೇಶದ ಮುಚ್ಚಿದ ಕಾರ್ಖಾನೆಗಳಲ್ಲಿ ಅವರು ತೆಗೆದ ದೃಶ್ಯಗಳಿಗೆ ಹೆದರಿದವರು ಠಾಣೆ ನಗರದವರೆಗೂ ಇದ್ದಾರೆ. ಅವರದೊಂದು ಪದ್ಧತಿಯಿತ್ತು. ಚಿತ್ರೀಕರಣದ ಮೊದಲ ದಿನ ಊಟದ ಪಂಕ್ತಿಯಲ್ಲಿ ಕತೆಯ ದೆವ್ವಕ್ಕೆಂದು ಒಂದು ಎಲೆ ಹಾಕಿ ಬಡಿಸಬೇಕು, ಊರಲ್ಲಿ ಸತ್ತವರಿಗೆ ಬಡಿಸುವ ಹಾಗೆ. "ಅದನ್ನು ಕರೆದದ್ದು ನಾವಲ್ವಾ ಮಾರಾಯ? ಉಪವಾಸ ಕೂರಿಸಿದ್ರೆ ನಮ್ಮ ಕೆಲಸ ಯಾಕೆ ಮಾಡ್ತದೆ?" ಎನ್ನುತ್ತಿದ್ದರು.

ಕೊನೆಯ ಸಿನಿಮಾ ಮುಗಿಯಲು ಸ್ವಲ್ಪ ಬಾಕಿ ಇರುವಾಗ ಅವರಿಗೆ ಪಾರ್ಶ್ವವಾಯು ಬಡಿಯಿತು. ಉಳಿದದ್ದನ್ನು ಪೂರೈಸಿದವನು ಅವರ ಮನೆಯಲ್ಲೇ ಉಂಡು ಬೆಳೆದ ಶಿಷ್ಯ ಪ್ರಶಾಂತ. ಆ ಶುಕ್ರವಾರ ಬೆಳಿಗ್ಗೆ ನೆರೂಳಿನಲ್ಲಿ ಪತ್ರಕರ್ತರಿಗೆ ಪ್ರದರ್ಶನವಿತ್ತು. ತೆರೆಯ ಮೇಲೆ ನಿರ್ದೇಶಕನ ಜಾಗದಲ್ಲಿ ಪ್ರಶಾಂತನ ಹೆಸರು ಬಂತು. ಸದಾನಂದಣ್ಣನ ಹೆಸರು ಎಲ್ಲಿಯೂ ಇರಲಿಲ್ಲ.

ಆಮೇಲಿನ ಊಟದಲ್ಲಿ ಅದನ್ನೇ ಕೇಳಿದೆ. "ಅವರು ಇನ್ನು ಎದ್ದು ಬರ್ತಾರಾ ಸರ್? ಪ್ರಮೋಷನ್‌ಗೆ ಪ್ರೊಡ್ಯೂಸರ್‌ಗೆ ಒಂದು ಮುಖ ಬೇಕು. ಆಪ್ ಭೀ ಸಮಝೋ ನಾ, ನೀವೂ ಅರ್ಥ ಮಾಡ್ಕೊಳ್ಳಿ," ಎಂದ ಪ್ರಶಾಂತ. ಅವನ ಪಕ್ಕದ ಕುರ್ಚಿ ಖಾಲಿಯಿತ್ತು. ಆದರೂ ಎದುರಿಗೆ ಎಲೆ ಹಾಕಿ ಬಡಿಸಿದ್ದರು. ಯಾರೋ ತಡವಾಗಿ ಬರುವವರಿರಬೇಕು ಎಂದುಕೊಂಡೆ.

ಮಜ್ಜಿಗೆ ತಂದ ಸಪ್ಲೈಯರ್ ಆ ಎಲೆಯ ಮುಂದೆ ನಿಂತ. "ಇಲ್ಲಿದ್ದ ಅಣ್ಣನಿಗೆ ಮಜ್ಜಿಗೆ ಬೇಡ್ವಾ?"

"ಯಾವ ಅಣ್ಣ?" ಎಂದ ಪ್ರಶಾಂತ.

"ಈಗ ಉಂಡ್ರಲ್ಲ, ನಿಮ್ಮ ಪಕ್ಕದಲ್ಲೇ."

ಎಲೆಯಲ್ಲಿ ಅನ್ನವಿರಲಿಲ್ಲ. ಸಾರನ್ನು ಬಳಿದ ಬೆರಳ ಗುರುತುಗಳಿದ್ದವು. ಪ್ರಶಾಂತ ಕೈತೊಳೆಯಲು ಎದ್ದು ಹೋದವನು ಮರಳಿ ಬರಲಿಲ್ಲ.

ಸಂಜೆ ಕಲ್ಯಾಣದ ಆಸ್ಪತ್ರೆಗೆ ಹೋದೆ. ಹೆಸರು ತೆಗೆದ ಸುದ್ದಿಯನ್ನು ಬೇರೆಯವರಿಗಿಂತ ಮೊದಲು ನಾನೇ ಹೇಳಬೇಕೆಂದಿದ್ದೆ. ಸದಾನಂದಣ್ಣನಿಗೆ ಮೂಗಿನ ನಳಿಕೆಯಿಂದಲೇ ಆಹಾರ. ಮಾತು ತೊದಲುತ್ತಿತ್ತು.

"ಗೊತ್ತುಂಟು," ಎಂದರು. "ನನ್ನನ್ನು ಬದುಕಿರುವಾಗಲೇ ದೆವ್ವ ಮಾಡಿದ." ಆಮೇಲೆ, "ಹಯಗ್ರೀವಕ್ಕೆ ಬೆಲ್ಲ ಜಾಸ್ತಿ ಆಗಿತ್ತು."

ಮಧ್ಯಾಹ್ನ ಬಡಿಸಿದ ಸಿಹಿ ಹಯಗ್ರೀವವೇ. ವಿಚಾರಿಸಿದೆ. ಆ ದಿನ ಅವರನ್ನು ನೋಡಲು ಯಾರೂ ಬಂದಿರಲಿಲ್ಲ, ಅವರ ಫೋನು ಡೊಂಬಿವಲಿಯ ಮನೆಯಲ್ಲಿತ್ತು. ಇದಕ್ಕೆ ಇವತ್ತಿಗೂ ನನ್ನ ಬಳಿ ವಿವರಣೆಯಿಲ್ಲ.

ಸದಾನಂದಣ್ಣ ಈಗ ಮನೆಯಲ್ಲಿದ್ದಾರೆ. ಸಿನಿಮಾ ಪ್ರಶಾಂತನ ಹೆಸರಿನಲ್ಲೇ ಬಿಡುಗಡೆಯಾಯಿತು. ಕಳೆದ ವಾರ ಬೇಲಾಪುರದಲ್ಲಿ ಅವನ ಮುಂದಿನ ಚಿತ್ರದ ಕೆಲಸ ಶುರುವಾಗಿದೆ. ಅದು ದೆವ್ವದ ಕತೆಯಲ್ಲ, ಪ್ರೇಮಕತೆ. ಮೊದಲ ದಿನದ ಊಟಕ್ಕೆ ಅವನು ತನ್ನ ಪಕ್ಕದಲ್ಲಿ ಒಂದು ಎಲೆ ಹಾಕಿಸಿದ್ದ.