ಹುಳು ಹಣ್ಣಾದ ದಿನದ ಸ್ಟ್ರೈಕರ್

ಚಿಂತಾಮಣಿ, ಶಿಡ್ಲಘಟ್ಟ, ಗೌರಿಬಿದನೂರು, ಎಲ್ಲ ಊರಿನ ತಂಡಕ್ಕೂ ನಾನು ಫುಟ್‌ಬಾಲ್ ಆಡಿದ್ದೇನೆ. ಯಾರಿಗೂ ಕಾಯಂ ಸ್ಟ್ರೈಕರ್ ಆಗಲಿಲ್ಲ. ನಮ್ಮ ಕಡೆ ರೇಷ್ಮೆಹುಳು ಸೊಪ್ಪು ತಿನ್ನುವುದು ಬಿಟ್ಟು ಹಣ್ಣಾದ ದಿನ ಮನೆಮಂದಿಯೆಲ್ಲ ಕೂತು ಆರಿಸಿ, ಗೂಡು ಕಟ್ಟಲು ಬಿದಿರಿನ ಚಂದ್ರಿಕೆಗೆ ಬಿಡಬೇಕು. ಫೈನಲ್ ಇದ್ದರೂ ಆಟಗಾರ ಕದಲುವಂತಿಲ್ಲ. ಆಗ ನನಗೆ ಫೋನು ಬರುತ್ತಿತ್ತು: "ನಮ್ ಸ್ಟ್ರೈಕರ್ ಮನೇಲಿ ಹುಳ ಹಣ್ಣಾಗವೆ, ಬರ್ತೀಯೇನಪ್ಪ?"

ನಾನು ಮೇಷ್ಟರ ಮಗ, ಮನೆಯಲ್ಲಿ ಹುಳುವಿಲ್ಲ. ಹೋಗಿ ಗೋಲು ಹೊಡೆದು, ಜರ್ಸಿ ಬಿಚ್ಚಿಕೊಟ್ಟು ಬಸ್ಸು ಹತ್ತುತ್ತಿದ್ದೆ. ಬೆವರಿನ ಜರ್ಸಿಯನ್ನೂ ಬಿಡದ ಜಿಪುಣರು!

ಕೆಂಚಾರ್ಲಹಳ್ಳಿಯ ಹುಳು ಸಾಕುವ ಮನೆಯಿಂದ ಹೆಂಡತಿ ಬಂದ ಮೇಲೆ ನಾವೂ ಹುಳು ಸಾಕಿದೆವು. ಈ ಸಲ ಚಿಂತಾಮಣಿಯ ಕ್ಯಾಪ್ಟನ್ ಕರೆದಾಗ, "ನಮ್ಮನೇಲೂ ಹಣ್ಣಾಗವೆ ಕಣಣ್ಣ, ಬರಕ್ಕಾಗಲ್ಲ" ಎಂದೆ.

"ಅಯ್ಯೋ, ನಿನ್ ಜಾಗಕ್ಕೆ ಇನ್ಯಾರನ್ನ ಕರೀಲಪ್ಪ?" ಎಂದ.

ನನಗೂ ಒಂದು ಜಾಗವಿತ್ತೆಂದು ಗೊತ್ತಾದದ್ದು ಆಗಲೇ, ಕೈತುಂಬ ಹುಳು ಹಿಡಿದು ಕೂತಿದ್ದಾಗ.