ನಟನ ಮುಖದ ದರ್ಜಿ, ಇಣುಕಿಯ ಕ್ಯಾಮೆರಾ

ಕಿಟಕಿ ಕಂಡರೆ ಸಾಕು, ತುದಿಗಾಲಲ್ಲಿ ನಿಂತು ಒಳಗೆ ನೋಡುತ್ತಿದ್ದ ಹುಡುಗಿಗೆ ಚಿಕ್ಕಮ್ಮ 'ಇಣುಕಿ' ಎಂದು ಅಡ್ಡಹೆಸರಿಟ್ಟಿದ್ದರು. ಇಣುಕಿ ಬೆಳೆದು ಸಾಕ್ಷ್ಯಚಿತ್ರ ತೆಗೆಯುವವಳಾದಳು. ಚಾಳಿ ಹೋಗಲಿಲ್ಲ, ಕೈಗೊಂದು ಕ್ಯಾಮೆರಾ ಬಂತು, ಅಷ್ಟೆ.

ಈ ಸಲ ಅವಳು ಇಣುಕಿದ್ದು ಒಬ್ಬ ದರ್ಜಿಯ ಅಂಗಡಿಗೆ. ದೇವರು ಎಲ್ಲರಿಗೂ ಅವರವರ ಮುಖ ಕೊಟ್ಟ. ದರ್ಜಿಗೆ ಮಾತ್ರ, ಯಾವ ಅವಸರದಲ್ಲಿದ್ದನೋ, ಹೆಸರಾಂತ ನಟನೊಬ್ಬನ ಮುಖ ಕೊಟ್ಟುಬಿಟ್ಟ. ಅಂಗಡಿ ಉದ್ಘಾಟನೆಗೆ ಕರೆದರೆ ಸಾಕು, ದರ್ಜಿ ಕಪ್ಪು ಕನ್ನಡಕ ಏರಿಸಿ ಹೋಗಿ ರಿಬ್ಬನ್ ಕತ್ತರಿಸಿ ಕೈಬೀಸಿ ಬರುತ್ತಿದ್ದ. ಆ ನಟನ ಮುಖದ ಹಿಂದಿರುವ ದರ್ಜಿಯೆಂಬ ಮನುಷ್ಯ ಒಂದು ಗಳಿಗೆ ಸಿಕ್ಕರೆ ಇಣುಕಿಯ ಚಿತ್ರ ಗೆದ್ದಂತೆ. ಸಿಗದಿದ್ದರೆ ಚಿತ್ರವೇ ಬೇಡ ಎಂದು ಟಿವಿ ವಾಹಿನಿಯವರು ಹೇಳಿಯಾಗಿತ್ತು.

ಅವಳಲ್ಲೊಂದು ಉಪಾಯವಿತ್ತು. "ಮುಗೀತು" ಎನ್ನುತ್ತಿದ್ದಳು, ಕ್ಯಾಮೆರಾ ಆರಿಸುತ್ತಿರಲಿಲ್ಲ. ಗೊತ್ತಾಗದಿರಲೆಂದು ಅದರ ಕೆಂಪು ದೀಪಕ್ಕೆ ಕಪ್ಪು ಟೇಪ್ ಅಂಟಿಸಿದ್ದಳು. ಮುಗಿಯಿತೆಂದರೆ ಎಂಥವರೂ ಉಸಿರು ಬಿಟ್ಟು ತಾವಾಗುತ್ತಾರೆ. ದರ್ಜಿ ಆಗಲಿಲ್ಲ. ಹುಬ್ಬು ಮೇಲೆಯೇ, ತುಟಿಯಲ್ಲಿ ಅದೇ ಅರ್ಧ ನಗು.

"ಇವ್ರು ಹಲ್ಲುಜ್ಜೋದೂ ಹೀಗೇನೇ," ಎಂದಳು ಗುಂಡಿ ಹೊಲಿಯುತ್ತಿದ್ದ ಅವನ ಹೆಂಡತಿ. "ನಾನು ಮದ್ವೆ ಆಗಿದ್ದು ಯಾರನ್ನ ಅಂತ ನಿಮ್ಗೆ ಗೊತ್ತಾದ್ರೆ ನಂಗೂ ಹೇಳಿ, ಮೇಡಂ."

"ಅಭಿಮಾನಿಗಳು ಅಂದ್ರೆ ಹೀಗೇ," ಎಂದ ದರ್ಜಿ, ನಟನ ಗಡಸು ದನಿಯಲ್ಲಿ.

ಚಿತ್ರೀಕರಣದ ಕೊನೆಯ ದಿನ, ಕುರ್ಚಿಯ ಮೇಲೆ ಬೆಳಕು ಸರಿಯಾಗಿ ಬೀಳುತ್ತಿದೆಯೇ ಎಂದು ನೋಡಬೇಕಿತ್ತು. ಇಣುಕಿ ತಾನೇ ದರ್ಜಿಯ ಕುರ್ಚಿಯಲ್ಲಿ ಕೂತು, "ಆ ಗುಂಡಿ ಒತ್ತಿ, ಒಂಚೂರು ತೆಗೆದು ನೋಡೋಣ," ಎಂದಳು. ದರ್ಜಿ ಕ್ಯಾಮೆರಾದ ಹಿಂದೆ ನಿಂತ. ಗುಂಡಿ ಒತ್ತಿ, ತಲೆ ಓರೆ ಮಾಡಿ, ಗಲ್ಲಕ್ಕೆ ಬೆರಳಿಟ್ಟ. ಥೇಟ್ ಇಣುಕಿ!

"ಹೂಂ... ಹೆಸರು ಬಂದಾಗ ನಿಮಗೆ ಒಳಗೊಳಗೇ ಏನನ್ನಿಸ್ತು?" ಅವಳದೇ ಮೆಲುದನಿ.

ಇಣುಕಿ ಬೆನ್ನು ನೆಟ್ಟಗೆ ಮಾಡಿ, ಖ್ಯಾತಿಯೆಂಬ ಮಾಯೆಯ ಬಗ್ಗೆ ತೂಕದ ನಾಲ್ಕು ಮಾತಾಡಿದಳು.

"ಮುಗೀತು," ಎಂದ ದರ್ಜಿ.

ಇಣುಕಿಯ ಭುಜ ಇಳಿಯಿತು. "ಅಬ್ಬಾ! ನಿಜ ಹೇಳ್ಲಾ? ದಿನಾ ಬೆಳಗ್ಗೆ ಎದ್ದ ತಕ್ಷಣ ಮೊಬೈಲಲ್ಲಿ ನನ್ನ ಹೆಸರು ಹುಡುಕ್ತೀನಿ. ಬರೋದು ಯಾರು? ಅದೇ ಹೆಸರಿನ ಹಲ್ಲಿನ ಡಾಕ್ಟರು!"

ಅಂಗಡಿಯಲ್ಲೊಂದು ನಗೆ ಸಿಡಿಯಿತು. ಗಡಸು ನಗೆಯಲ್ಲ. ಕೀರಲು, ನಡುನಡುವೆ ಬಿಕ್ಕಳಿಕೆ, ಮೂಗಿನಿಂದ ಗೊರಗೊರ. ದರ್ಜಿ ಹೊಟ್ಟೆ ಹಿಡಿದು ಬಟ್ಟೆರಾಶಿಯ ಮೇಲೆ ಕುಸಿದಿದ್ದ.

"ಇದೇ ನಗು!" ಹೆಂಡತಿ ಸೂಜಿ ಬಿಟ್ಟು ಎದ್ದಳು. "ನಾನು ಮದ್ವೆ ಆಗಿದ್ದು ಇವ್ರನ್ನೇ!"

ದರ್ಜಿ ಕಣ್ಣೊರೆಸಿಕೊಳ್ಳುತ್ತ ಬಂದು ಟೇಪ್ ಕಿತ್ತ. ಅಡಿಯಲ್ಲಿ ಕೆಂಪು ದೀಪ ಉರಿಯುತ್ತಿತ್ತು. "ನಿಮ್ಮಿಂದ್ಲೇ ಕಲಿತಿದ್ದು, ಮೇಡಂ."

ಬಯಸಿದ ಮನುಷ್ಯ ಸಿಕ್ಕಿದ್ದ. ಆದರೆ ಬರೀ ದನಿ. ಪರದೆಯ ತುಂಬ ಅವಳದೇ ಪೆಚ್ಚು ಮುಖ. ಕತ್ತರಿಸಿದರೆ ಮಾನ ಉಳಿಯುತ್ತದೆ, ಚಿತ್ರ ಹೋಗುತ್ತದೆ. ಸಂಕಲನದ ಕೋಣೆಯಲ್ಲಿ ಆ ನಗೆಯನ್ನು ಮತ್ತೆ ಮತ್ತೆ ಕೇಳಿದಳು. ಕೇಳಿದಷ್ಟೂ ತನಗೂ ನಗು ಬಂತು. ಕತ್ತರಿಸಲಿಲ್ಲ.

ಚಿತ್ರ ಪ್ರಸಾರವಾದ ಸಂಜೆ ಚಿಕ್ಕಮ್ಮನ ಫೋನು. "ಅಂತೂ ನಿನ್ನ ಕಿಟಕಿಗೂ ಒಬ್ರು ಇಣುಕಿದ್ರಲ್ಲೇ!"

ಮರುದಿನ ಎದ್ದವಳೇ ಇಣುಕಿ ಮೊಬೈಲ್ ತೆರೆದಳು. ಹಲ್ಲಿನ ಡಾಕ್ಟರು ಎರಡನೇ ಸಾಲಿಗೆ ಇಳಿದಿದ್ದರು.