ಬಸ್ಸಿನ ಹಗ್ಗ ಕತ್ತರಿಸಿದ ಕಂಡಕ್ಟರಣ್ಣ

ಬಟ್ಟೆ ಒಣಗಿಸುವ ಹಗ್ಗ ಹಳತಾಗಿ ಎಳೆ ಬಿಟ್ಟಿತ್ತು. ಹೊಸತು ತರೋಣವೆಂದು ಕಳೆದ ವಾರ ಬಂದ್ಯೋಡಿನ ಹಾರ್ಡ್‌ವೇರ್ ಅಂಗಡಿಗೆ ಹೋಗಿದ್ದೆ. ಅಂಗಡಿಯವನು ಹಸಿರು ನೈಲಾನ್ ಹಗ್ಗವನ್ನು ಅಳೆದು ಕತ್ತರಿಸಿ, ತುದಿ ಬಿಚ್ಚಿಕೊಳ್ಳಬಾರದೆಂದು ಬೆಂಕಿಕಡ್ಡಿ ಗೀರಿ ಸುಟ್ಟ. ಆ ಸುಟ್ಟ ನೈಲಾನಿನ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಅಂಗಡಿಯಲ್ಲಿರಲಿಲ್ಲ. ನಮ್ಮ ಹಳೆಯ ಬಸ್ಸಿನೊಳಗಿದ್ದೆ. ಎದುರಿಗೆ ಕಂಡಕ್ಟರಣ್ಣ, ಬಾಯಿ ತುಂಬ ಎಲೆಯಡಿಕೆ, ಒಂದು ಕೈಯಲ್ಲಿ ಕತ್ತಿ, ಇನ್ನೊಂದರಲ್ಲಿ ಆಗಷ್ಟೇ ಕತ್ತರಿಸಿ ಸುಟ್ಟ ಹಗ್ಗದ ತುದಿ...

ಅದು ಎರಡು ಸಾವಿರದ ಮೂರೋ ನಾಲ್ಕೋ ಇಸವಿ. ನಾನು ಪೈವಳಿಕೆ ಕಡೆಯ ಒಂದು ಕನ್ನಡ ಶಾಲೆಯಲ್ಲಿ ಟೀಚರಾಗಿದ್ದೆ. ಬಸ್ಸು ಕುಂಬಳೆಯಿಂದ ಹೊರಟು ಬಂದ್ಯೋಡಿನಲ್ಲಿ ಹೆದ್ದಾರಿ ಬಿಟ್ಟು ಒಳದಾರಿ ಹಿಡಿಯುತ್ತಿತ್ತು. ಡ್ರೈವರನ ತಲೆಯ ಮೇಲೊಂದು ಗಂಟೆ, ಅಲ್ಲಿಂದ ಹಿಂದಿನ ಬಾಗಿಲಿನವರೆಗೆ ತಲೆಯ ಮೇಲೆ ಉದ್ದಕ್ಕೂ ಒಂದು ಹಗ್ಗ. ಒಂದು ಸಲ ಎಳೆದರೆ ನಿಲ್ಲಿಸು, ಎರಡು ಸಲ ಎಳೆದರೆ ಹೊರಡು. ಎಳೆಯಬೇಕಾದವನು ಕಂಡಕ್ಟರ್. ಆದರೆ ನಮ್ಮೂರಿನ ಬಸ್ಸುಗಳಲ್ಲಿ ಉಪಕಾರಿಗಳಿಗೆ ಬರವಿಲ್ಲ. ಕಂಡಕ್ಟರ್ ಮುಂದೆ ಟಿಕೇಟು ಕೊಡುತ್ತಾ ಜನರ ನಡುವೆ ಸಿಕ್ಕಿಕೊಂಡಿದ್ದರೆ, ಹಗ್ಗದ ಕೆಳಗೆ ನಿಂತ ಯಾರಾದರೊಬ್ಬ ಮಹಾಶಯ ಹಿಂದಿನ ಬಾಗಿಲ ಕಡೆ ಒಮ್ಮೆ ಕಣ್ಣು ಹಾಯಿಸಿ, ಎಲ್ಲ ಇಳಿದಾಯಿತೆಂದು ತಾನೇ ತೀರ್ಮಾನಿಸಿ ಡಬಲ್ ಬೆಲ್ ಹೊಡೆದುಬಿಡುತ್ತಿದ್ದ. ನಮ್ಮ ಹೆಡ್‌ಮಾಸ್ಟರು ಇದರಲ್ಲಿ ಎತ್ತಿದ ಕೈ. ಶಾಲೆಯ ಗಂಟೆಗಿಂತ ಬಸ್ಸಿನ ಗಂಟೆ ಹೊಡೆಯುವುದರಲ್ಲೇ ಅವರಿಗೆ ಹೆಚ್ಚು ಸುಖವಿತ್ತೆಂದು ನನಗೆ ಈಗಲೂ ಅನುಮಾನ.

ಕಂಡಕ್ಟರಣ್ಣ ಈ ಬಸ್ಸಿಗೆ ಹೊಸಬರಾಗಿ ಬಂದವರು. ಐವತ್ತರ ಆಸುಪಾಸು, ದಪ್ಪ ಮೀಸೆ, ಎಣ್ಣೆ ಹಾಕಿ ಹಿಂದಕ್ಕೆ ಬಾಚಿದ ಕೂದಲು. ಆ ಕೂದಲಿನ ಬಗ್ಗೆ ಅವರಿಗೆ ಬಹಳ ಅಭಿಮಾನ. ಡ್ರೈವರನ ಕನ್ನಡಿಯಲ್ಲಿ ದಾರಿ ಕಾಣುವುದಕ್ಕಿಂತ ಕಂಡಕ್ಟರಣ್ಣನ ಮುಖ ಕಾಣುವುದೇ ಹೆಚ್ಚೆಂದು ಜನ ಆಡಿಕೊಳ್ಳುತ್ತಿದ್ದರು. ಸೌಮ್ಯ ಸ್ವಭಾವವೇನೂ ಅಲ್ಲ. ಬಾಯಿ ಜೋರು, ಸಿಟ್ಟು ಮೂಗಿನ ತುದಿಯಲ್ಲೇ. ಬಂದ ಮರುವಾರವೇ ಅವರು ಹಗ್ಗವನ್ನು ನಡುವಿನಿಂದ ಬಿಚ್ಚಿ, ತಲೆಯ ಮೇಲಿನ ಒಂದು ಪೈಪಿನೊಳಗಿಂದ ಹಾಯಿಸಿ, ಹಿಂದಿನ ಬಾಗಿಲ ಬಳಿ ತಮ್ಮ ಕೈಗೆ ಮಾತ್ರ ಎಟಕುವ ಒಂದು ತುಂಡನ್ನು ಬಿಟ್ಟು ಉಳಿದದ್ದನ್ನು ಕತ್ತರಿಸಿ ಹಾಕಿದರು. ಆ ಬೆಳಿಗ್ಗೆ ಬಸ್ಸಿನ ತುಂಬ ಸುಟ್ಟ ವಾಸನೆ. ಹೆಡ್‌ಮಾಸ್ಟರು ಅಭ್ಯಾಸಬಲದಿಂದ ಕೈ ಎತ್ತಿದರು. ಕೈಗೆ ಗಾಳಿ ಸಿಕ್ಕಿತು.

ಅಲ್ಲಿಗೇ ಮುಗಿಯಲಿಲ್ಲ. ಇಳಿದವರು, ಅದರಲ್ಲೂ ವಯಸ್ಸಾದವರು, ಎರಡೂ ಕಾಲು ನೆಲಕ್ಕೆ ಊರಿದ ಮೇಲೆ ಗಟ್ಟಿಯಾಗಿ "ಜತ್ತೆ" ಎಂದು ಕೂಗಬೇಕೆಂದು ಕಂಡಕ್ಟರಣ್ಣ ಕಾನೂನು ಮಾಡಿದರು. ತುಳುವಿನಲ್ಲಿ ಇಳಿದೆ ಎಂದು ಅರ್ಥ. ಅದು ಕಿವಿಗೆ ಬೀಳುವವರೆಗೆ ಬೆಲ್ ಇಲ್ಲ. ಮೊದಮೊದಲು ಮುದುಕಿಯರು ನಾಚಿಕೊಂಡರು. ಬೀದಿಯಲ್ಲಿ ನಿಂತು ಕೂಗುವುದೆಂದರೆ ಏನು ಸಾಮಾನ್ಯವೇ? ಕಂಡಕ್ಟರಣ್ಣ ಬಾಗಿಲಿನಿಂದ ತಲೆ ಹೊರಗೆ ಹಾಕಿ, "ಎಂತ ಅಜ್ಜೀ, ಮನೆಯಲ್ಲಿ ಸೊಸೆಗೆ ಬೈಲಿಕ್ಕೆ ಗಂಟಲು ಉಂಟು, ಇಲ್ಲಿ ಇಲ್ವಾ?" ಎಂದು ಕೆಣಕುತ್ತಿದ್ದರು. ಕೆಲವೇ ದಿನಗಳಲ್ಲಿ ಅದೊಂದು ಪೈಪೋಟಿಯೇ ಆಯಿತು. ಎಲ್ಲರಿಗಿಂತ ಜೋರು ದನಿ ಬೀಡಿ ಅಜ್ಜಿಯದು. ಮನೆಯಲ್ಲಿ ಕಟ್ಟಿದ ಬೀಡಿಯನ್ನು ಬುಟ್ಟಿಯಲ್ಲಿ ಹೊತ್ತು ಬೀಡಿ ಕಂಪೆನಿಯ ಬ್ರಾಂಚಿಗೆ ಕೊಡಲು ಬರುತ್ತಿದ್ದ ಅವರನ್ನು ನಾವೆಲ್ಲ ಹಾಗೆಯೇ ಕರೆಯುತ್ತಿದ್ದೆವು. ಅವರು "ಜತ್ತೆ" ಎಂದರೆ ಎದುರಿನ ಗೂಡಂಗಡಿಯಲ್ಲಿ ಚಹಾ ಕುಡಿಯುವವರು ತಿರುಗಿ ನೋಡುತ್ತಿದ್ದರು.

ಇದೆಲ್ಲ ಯಾಕೆಂದು ಕಂಡಕ್ಟರಣ್ಣ ತಾವಾಗಿ ಯಾರಿಗೂ ಹೇಳಿರಲಿಲ್ಲ. ಒಂದು ಶನಿವಾರ ಮಧ್ಯಾಹ್ನ ಕೊನೆಯ ನಿಲ್ದಾಣದಲ್ಲಿ ಬಸ್ಸು ಹೊರಡುವುದನ್ನು ಕಾಯುತ್ತಾ ನಾನೊಬ್ಬಳೇ ಕೂತಿದ್ದೆ. ಈ ಕಾಯುವಿಕೆಯಿಂದ ದಿನಾ ಶಾಲೆಗೆ ತಡವಾಗಿ ಹೋಗಿ ಸಹಿ ಹಾಕುವ ಅವಮಾನದ ಬಗ್ಗೆ ಸ್ವಲ್ಪ ಖಾರವಾಗಿಯೇ ಕೇಳಿದೆ. ಅವರು ಎಲೆಯಡಿಕೆ ಉಗುಳಿ ಬಂದು ಎದುರಿನ ಸೀಟಿನಲ್ಲಿ ಕೂತರು.

"ನನ್ನ ಅಮ್ಮ ಬಸ್ಸಿಂದ ಇಳಿಯುವಾಗ ಬಿದ್ದದ್ದು ಟೀಚರೇ. ಒಂದು ಕಾಲು ನೆಲದಲ್ಲಿ, ಒಂದು ಮೆಟ್ಟಿಲಲ್ಲಿ. ಯಾರೋ ಡಬಲ್ ಬೆಲ್ ಹೊಡೆದ. ಯಾರು ಅಂತ ಇವತ್ತಿಗೂ ಗೊತ್ತಿಲ್ಲ. ಕಂಡಕ್ಟರ್ ಅಲ್ಲ, ಅವ ಮುಂದೆ ಇದ್ದ. ಹೊಡೆದವ ಉಪಕಾರಕ್ಕೇ ಹೊಡೆದದ್ದು."

ಸೊಂಟದ ಎಲುಬು ಮುರಿದಿತ್ತಂತೆ. ಈ ಪ್ರಾಯದಲ್ಲಿ ಆಪರೇಷನ್ ಯಾಕೆಂದು ನೆಂಟರು ಹೇಳಿದರು, ಎಣ್ಣೆ ತಿಕ್ಕಿ ಮಲಗಿಸಿದರು. ಆಕೆ ಏಳಲಿಲ್ಲ. ಮಲಗಿದಲ್ಲೇ ಬೆನ್ನು ಹುಣ್ಣಾಗಿ, ಮುಂದಿನ ಮಳೆಗಾಲ ಕಾಣದೆ ಹೋದರು. ಬಿದ್ದದ್ದು ಬಸ್ಸಿನಿಂದ, ಸತ್ತದ್ದು ಹಾಸಿಗೆಯಲ್ಲಿ. ಹಾಗಾಗಿ ಅದನ್ನು ಯಾರೂ ಅಪಘಾತವೆನ್ನಲಿಲ್ಲ, ವಯಸ್ಸಾಗಿತ್ತು ಎಂದರು. ಕಂಡಕ್ಟರಣ್ಣ ಇದನ್ನು ಹೇಳುವಾಗ ಅವರ ಜೋರು ದನಿ ಎಲ್ಲಿಗೆ ಹೋಗಿತ್ತೋ... ಆಮೇಲೆ ನಾನು ತಡವಾದದ್ದರ ಬಗ್ಗೆ ತುಟಿ ಬಿಚ್ಚಲಿಲ್ಲ.

ಆದರೆ ಓನರಿಗೆ ತುಟಿ ಇತ್ತು. ಗಲ್ಫಿನಲ್ಲಿ ದುಡಿದು ತಂದ ಹಣವನ್ನು ಬಸ್ಸಿಗೆ ಹಾಕಿದ ಮನುಷ್ಯ, ಕೆಟ್ಟವನೇನಲ್ಲ. ನಮ್ಮ ಹಿಂದೆಯೇ ಇನ್ನೊಂದು ಬಸ್ಸಿತ್ತು. ನಮ್ಮದು "ಜತ್ತೆ" ಕಾಯುತ್ತಾ ನಿಂತಾಗ ಅದು ಹಾರ್ನ್ ಹೊಡೆದು ಮುಂದೆ ಹೋಗಿ ಮುಂದಿನ ನಿಲ್ದಾಣದ ಜನರನ್ನೆಲ್ಲ ಬಾಚಿಕೊಳ್ಳುತ್ತಿತ್ತು. ಓನರು ಒಂದು ದಿನ ತಾವೇ ಬಸ್ಸು ಹತ್ತಿ ನೋಡಿದರು. ಬಂದ್ಯೋಡಿಗೆ ಬರುವಷ್ಟರಲ್ಲಿ ಮುಖ ಕೆಂಪಾಗಿತ್ತು.

"ನಾಳೆಯಿಂದ ಹಗ್ಗ ಮೊದಲಿನ ಹಾಗೆ ಕಟ್ಟಬೇಕು," ಎಂದರು.

ಕಂಡಕ್ಟರಣ್ಣ ಕುತ್ತಿಗೆಯಿಂದ ಬ್ಯಾಗು ತೆಗೆದು ಓನರ ಮಡಿಲಲ್ಲಿಟ್ಟರು. "ಹಗ್ಗ ಕಟ್ಟುವುದಾದ್ರೆ ಇದನ್ನೂ ನೀವೇ ಕಟ್ಟಿಕೊಳ್ಳಿ," ಎಂದು ಅಲ್ಲೇ ಇಳಿದು ನಡೆದುಬಿಟ್ಟರು. ಮದುವೆಯ ಪ್ರಾಯಕ್ಕೆ ಬಂದ ಮಗಳಿದ್ದಳು ಮನೆಯಲ್ಲಿ. ಊರಿಗೆ ಉಪಕಾರಿ, ಮನೆಗೆ ಮಾರಿ ಎಂದು ಅವರ ಹೆಂಡತಿ ಅತ್ತದ್ದು ಬೀದಿಗೆಲ್ಲ ಕೇಳಿತಂತೆ.

ಹೊಸ ಕಂಡಕ್ಟರ್ ಬಂದ, ಹಗ್ಗವೂ ಬಂತು. ಬುಧವಾರಗಳಂದು ಸರ್ಕಾರಿ ಆಸ್ಪತ್ರೆಯಲ್ಲಿ ಶುಗರು, ಪ್ರೆಶರಿನ ಮದ್ದು ಕೊಡುತ್ತಿದ್ದರು. ಮಧ್ಯಾಹ್ನದ ಟ್ರಿಪ್ಪು ತುಂಬುತ್ತಿದ್ದದ್ದೇ ಆ ಮದ್ದಿನವರಿಂದ. ಆ ಬುಧವಾರ ನಾನೂ ರಜೆ ಹಾಕಿ ಆಸ್ಪತ್ರೆಗೆ ಹೋಗಿದ್ದೆ. ಬಸ್ಸು ಬಂದು ನಿಂತಿತು. ಮದ್ದಿನ ಪೊಟ್ಟಣ ಹಿಡಿದ ಮುದುಕ ಮುದುಕಿಯರ ಗುಂಪಿನಲ್ಲಿ ಒಬ್ಬರೂ ಅಲುಗಾಡಲಿಲ್ಲ. ಹೊಸ ಕಂಡಕ್ಟರ್ "ಹತ್ತಿ, ಹತ್ತಿ" ಎಂದು ಬಾಗಿಲು ಬಡಿದ. ಬೀಡಿ ಅಜ್ಜಿ ಬುಟ್ಟಿಯನ್ನು ಸೊಂಟ ಬದಲಿಸಿ ಇಟ್ಟುಕೊಂಡು ಹೇಳಿದರು: "ನೀನು ಹೋಗು ಮಗಾ. ನಿನ್ನ ಬಸ್ಸು ಒಳ್ಳೇದೇ. ನಮ್ಮ ಎಲುಬು ಅಷ್ಟು ಒಳ್ಳೇದಿಲ್ಲ."

ಬಸ್ಸು ಖಾಲಿ ಹೋಯಿತು. ಅವರೆಲ್ಲ ಸೇರಿ ಜೀಪು ಹಿಡಿದರು. ನಾನೂ ಬಸ್ಸು ಬಿಟ್ಟು ಅದರಲ್ಲೇ ಒತ್ತಿಕೊಂಡು ಕೂತೆ, ಆ ಪ್ರಯಾಣದ ಗಮ್ಮತ್ತನ್ನು ಯಾವ ಕಾರಿನಲ್ಲೂ ಮತ್ತೆ ಕಾಣಲಿಲ್ಲ. ಮುಂದಿನ ಬುಧವಾರವೂ ಹಾಗೆಯೇ, ಅದರ ಮುಂದಿನದೂ ಹಾಗೆಯೇ. ಕೊನೆಗೆ ಓನರು ಕಂಡಕ್ಟರಣ್ಣನ ಮನೆಗೆ ಹೋಗಿ, ಚಹಾ ಕುಡಿದು, ಬ್ಯಾಗು ಕೊಟ್ಟು ಬಂದರು. ಮೀಸೆ ತಿರುವಿಕೊಂಡು ಬಸ್ಸು ಹತ್ತಿದ ಕಂಡಕ್ಟರಣ್ಣ ಮೊದಲು ಮಾಡಿದ ಕೆಲಸ ಹೊಸ ಹಗ್ಗಕ್ಕೆ ಕತ್ತಿ ಹಾಕಿದ್ದು. ಎರಡನೆಯದು ಕನ್ನಡಿ ನೋಡಿ ತಲೆ ಬಾಚಿದ್ದು.

ಆಮೇಲಿನ ವರ್ಷಗಳು ಒಂದರ ಹಿಂದೆ ಒಂದು ಸರಿದುಹೋದವು. ತಡವನ್ನು ಸರಿಮಾಡಲು ಅವರು ಬಂದ್ಯೋಡಿನಲ್ಲಿ ಚಹಾ ಕುಡಿಯುವುದನ್ನು ಬಿಟ್ಟರು, ಟಿಕೇಟನ್ನು ಬಸ್ಸು ಹೊರಡುವ ಮೊದಲೇ ಕೊಟ್ಟು ಮುಗಿಸುವುದನ್ನು ರೂಢಿ ಮಾಡಿಕೊಂಡರು. ಆ ಬಸ್ಸಿನ ಬಾಗಿಲಲ್ಲಿ ಯಾರೊಬ್ಬರೂ ಬಿದ್ದದ್ದನ್ನು ನಾನು ಕಾಣೆ.

ಬಿದ್ದದ್ದು ಕಂಡಕ್ಟರಣ್ಣನೇ. ಆಷಾಢ, ನಮ್ಮ ಆಟಿ ತಿಂಗಳ ಮಳೆ. ಯಾರದೋ ಬಾಳೆಕಂದಿನ ಗೋಣಿ ಬಸ್ಸಿನ ಮೇಲಿತ್ತು. ಅದನ್ನು ಇಳಿಸಲು ಹಿಂಬದಿಯ ಏಣಿ ಹತ್ತಿದವರು, ಇಳಿಯುವಾಗ ಒದ್ದೆ ಕಬ್ಬಿಣದ ಮೇಲೆ ಕಾಲು ಜಾರಿ ಕೆಂಪು ಕೆಸರಿಗೆ ಅಡ್ಡಬಿದ್ದರು. ನಾನು ಕೊಡೆ ಬಿಸಾಡಿ ಓಡಿದೆ. ನೋವಿನಿಂದ ಮುಖ ಬೂದಿಯಾಗಿತ್ತು. ಆದರೂ ಮೊದಲು ಕೇಳಿದ್ದು ಇದು: "ಬಸ್ಸು ಅಲ್ಲಾಡಿತಾ ಟೀಚರೇ?"

"ಇಲ್ಲ ಅಣ್ಣ. ಇಂಜಿನೇ ಆಫ್ ಇತ್ತು."

ಕಂಡಕ್ಟರಣ್ಣ ಕಣ್ಣು ಮುಚ್ಚಿಕೊಂಡರು. "ಹಾಗಾದ್ರೆ ನಾನು ಯಾರಿಗೆ ಬೈಯುವುದು?"

ಅಷ್ಟು ವರ್ಷ ಹೆಸರು ತಿಳಿಯದ ಒಬ್ಬನ ಮೇಲೆ ಸಿಟ್ಟು ಇಟ್ಟುಕೊಂಡು ಬದುಕಿದ ಮನುಷ್ಯ. ಆ ಮಾತು ಕೇಳಿ ನನಗೆ ಅಳು ಬಂತು. ಮಳೆಯಲ್ಲಿ ಯಾರಿಗೂ ಕಾಣಲಿಲ್ಲ, ಅಷ್ಟೇ.

ಮುರಿದದ್ದು ಸೊಂಟದ ಎಲುಬೇ. ಮಂಗಳೂರಿನಲ್ಲಿ ಆಪರೇಷನ್ ಆಯಿತು, ಒಳಗೆ ರಾಡು ಇಟ್ಟರು, ಎದ್ದು ನಡೆಯಬೇಕೆಂದು ಹೇಳಿ ಕಳಿಸಿದರು. ಅವರು ಏಳಲಿಲ್ಲ. ವಾಕರು ಮಂಚದ ಪಕ್ಕದಲ್ಲಿ ಪ್ಲಾಸ್ಟಿಕ್ ಹೊದಿಕೆ ಸಹಿತ ನಿಂತೇ ಇತ್ತು. ಹೆಂಡತಿ, ಮಗಳು, ಅಳಿಯ ಎಲ್ಲರೂ ಹೇಳಿ ಸೋತರು. ನೆಲಕ್ಕೆ ಕಾಲಿಡಲು ಅವರಿಗೆ ಭಯ, ಆ ಭಯವನ್ನು ಹೇಳಿಕೊಳ್ಳಲು ನಾಚಿಕೆ. ನಾಳೆ, ನಾಳೆ ಎನ್ನುತ್ತಿದ್ದರು. ನಾನು ನೋಡಲು ಹೋದ ದಿನ ಆ ಕೂದಲು ಬಾಚದೆ ಕೆದರಿತ್ತು. ಅದನ್ನು ನೋಡಿಯೇ ನನಗೆ ದಿಗಿಲಾಯಿತು. ಇವರು ಏಳದಿದ್ದರೆ ಎಲ್ಲಿಗೆ ಮುಟ್ಟುತ್ತದೆಂದು ಆ ಕೋಣೆಯಲ್ಲಿದ್ದ ಎಲ್ಲರಿಗೂ ಗೊತ್ತಿತ್ತು, ಹೇಳುವ ಧೈರ್ಯ ಯಾರಿಗೂ ಇರಲಿಲ್ಲ.

ನನ್ನ ಜೊತೆ ಬಂದಿದ್ದ, ದಾರಿಯಲ್ಲಿ ನನ್ನಿಂದ ಅವರ ಅಮ್ಮನ ಸುದ್ದಿ ಕೇಳಿದ್ದ ಬೀಡಿ ಅಜ್ಜಿಗೆ ಇತ್ತು. ಅವರು ಹೋಗಿ ಮಂಚದ ಅಂಚಿನಲ್ಲಿ ಕೂತು, ಯಾವ ಪೀಠಿಕೆಯೂ ಇಲ್ಲದೆ ಕೇಳಿದರು: "ನಿನ್ನ ಅಮ್ಮ ಮಲಗಿಯೇ ಹೋದದ್ದು. ಅವಳನ್ನು ಏಳಿಸುವವರು ಇರಲಿಲ್ಲ. ನಿನಗೆ ನಾವೆಲ್ಲ ಇದ್ದೇವೆ. ಎಂತ ಮಾಡ್ತಿ ಮಗಾ, ಏಳ್ತಿಯಾ, ಅವಳ ಹಿಂದೆ ಹೋಗ್ತಿಯಾ?"

ಹೆಂಡತಿ ಸೆರಗು ಬಾಯಿಗೆ ಒತ್ತಿಕೊಂಡರು. ಕಂಡಕ್ಟರಣ್ಣ ವಾಕರಿನ ಕಡೆ ಕೈ ಚಾಚಿದರು. ಅಳಿಯ ಒಂದು ಬದಿ, ನಾನೊಂದು ಬದಿ. ಮೈಯೆಲ್ಲ ನಡುಗುತ್ತಿತ್ತು, ಬೆವರು ಇಳಿಯುತ್ತಿತ್ತು, ಬಾಯಲ್ಲಿ ನಮ್ಮನ್ನೆಲ್ಲ ಬೈಯುತ್ತಿದ್ದರು. ಬೈಗುಳ ಕೇಳಿದ ಮೇಲೆ ನನಗೆ ಧೈರ್ಯ ಬಂತು. ಅವರು ನಿಂತರು. ಆ ದಿನ ನಿಂತರು, ಮರುವಾರ ಬಾಗಿಲವರೆಗೆ ನಡೆದರು, ಮಳೆ ಮುಗಿಯುವಾಗ ಕೋಲು ಹಿಡಿದು ಅಂಗಳ ದಾಟಿದರು.

ಬಸ್ಸಿಗೆ ಮಾತ್ರ ಮರಳಲಿಲ್ಲ. ಓನರು ಬಸ್ಸು ಮಾರಿದರು. ಕಂಡಕ್ಟರಣ್ಣನ ಮನೆ ರಸ್ತೆ ಬದಿಯಲ್ಲೇ. ಜಗಲಿಯಲ್ಲಿ ಕೂತು ಬಸ್ಸು ನಿಂತದ್ದಕ್ಕೂ ಡಬಲ್ ಬೆಲ್ಲಿಗೂ ನಡುವಿನ ಹೊತ್ತನ್ನು ಕಿವಿಗೊಟ್ಟು ಕೇಳುತ್ತಿದ್ದರು. ತೀರಾ ಬೇಗ ಬೆಲ್ಲಾದರೆ ಕೋಲು ಎತ್ತಿ ಬಸ್ಸಿಗೆ ಬೈಯುತ್ತಿದ್ದರು. ಬೀಡಿ ಅಜ್ಜಿ ತೀರಿಹೋದರು. ಹೋದ ವರ್ಷ ಕಂಡಕ್ಟರಣ್ಣನೂ ಹೋದರು, ಹಿಂದಿನ ದಿನ ಸಂಜೆ ಪೇಟೆಗೆ ನಡೆದು ಹೋಗಿ ಕ್ಷೌರ ಮಾಡಿಸಿಕೊಂಡು ಬಂದಿದ್ದರಂತೆ. ನಿದ್ದೆಯಲ್ಲೇ ಹೃದಯ ನಿಂತಿತು. ಅವರು ನಡೆದಾಡಿಕೊಂಡೇ ಹೋದರು ಎಂಬುದು ನನಗೆ ದೊಡ್ಡ ಸಮಾಧಾನ. ಆದರೂ ದುಃಖ ದುಃಖವೇ.

ಈಗ ನನ್ನ ಮೊಣಕಾಲೂ ಹೇಳಿದ ಮಾತು ಕೇಳುವುದಿಲ್ಲ. ಮೊನ್ನೆ ಬಂದ್ಯೋಡಿನಲ್ಲಿ ಒಂದು ಕಾಲು ಕೆಳಗಿಟ್ಟಿದ್ದೆ ಅಷ್ಟೇ, ಕಂಡಕ್ಟರ್ ಹುಡುಗ ಬೆಲ್ಲಿಗೆ ಕೈ ಹಾಕಿದ. ನಾನು ಕಂಬಿ ಬಿಡದೆ ತಿರುಗಿ ನಿಂತೆ. "ನನ್ನ ಇನ್ನೊಂದು ಕಾಲು ಬರ್ಲಿಕ್ಕುಂಟು ಮಾರಾಯ. ಈಗ ಹೊಡಿ, ನೋಡುವ!" ಎಂದೆ. ಅವನು ಹೊಡೆಯಲಿಲ್ಲ. ಬಸ್ಸಿನಲ್ಲಿದ್ದವರೆಲ್ಲ ಜಗಳಗಂಟಿ ಮುದುಕಿಯನ್ನು ಬಗ್ಗಿ ಬಗ್ಗಿ ನೋಡಿದರು. ನೋಡಲಿ. ಕಂಡಕ್ಟರಣ್ಣ ಇದ್ದಷ್ಟು ಕಾಲ ನಾನು ಬಸ್ಸಿನ ಬಾಗಿಲಲ್ಲಿ ಒಂದು ದಿನವೂ ಜಗಳ ಮಾಡಿದವಳಲ್ಲ. ಈಗ ದಿನಾ ಮಾಡಬೇಕಾಗಿದೆ.